ಕಾವು ತಾಗಿದ ಕಲ್ಲು

"ಕಿಟಕಿ ಮುಚ್ಚಿ! ಬಿಸಿಲು ಬೀಳ್ತಾ ಇದೆ ಅವನ ಮೇಲೆ!"

ಡಾಕ್ಟರ ಕೂಗಿಗೆ ದಫೇದಾರ ಬೆಚ್ಚಿಬಿದ್ದು ಓಡಿದ. ಶವಾಗಾರದ ಕಿಟಕಿ ಧಡಾರನೆ ಮುಚ್ಚಿಕೊಂಡಿತು. ಹೆಣದ ಎದೆಯ ಮೇಲಿದ್ದ ಬಿಸಿಲಿನ ಪಟ್ಟಿ ಮಾಯವಾಯಿತು.

ಇನ್ಸ್‌ಪೆಕ್ಟರಮ್ಮ ಹೆಣವನ್ನು ಮೇಜಿಗೆ ಬಿಗಿದಿದ್ದ ತೊಗಲಿನ ಪಟ್ಟಿಯನ್ನು ಇನ್ನೊಮ್ಮೆ ಎಳೆದು ನೋಡಿದಳು. ಗಟ್ಟಿಯಾಗಿಯೇ ಇತ್ತು. ಆದರೂ ಅವಳ ಕೈ ಅಲ್ಲಿಂದ ಕದಲಲಿಲ್ಲ. ಸತ್ತವನು ಎದ್ದು ಕೂರುತ್ತಾನೆ ಎಂಬ ಭಯ ಅಲ್ಲಿ ಯಾರಿಗೂ ಇರಲಿಲ್ಲ. ಇನ್ನೊಂದು ಸಲ ಮೇಲಕ್ಕೆ ಹೋಗಿಬಿಟ್ಟರೆ ಎಂಬ ಭಯವಿತ್ತು.

ನಿನ್ನೆ ಮಧ್ಯಾಹ್ನ ಪೇಟೆಯವರೆಲ್ಲ ನೋಡುತ್ತಿದ್ದಂತೆಯೇ, ಕೈಕಾಲು ಬಡಿಯುತ್ತಾ ಆಕಾಶಕ್ಕೆ ಏರಿ ಚುಕ್ಕಿಯಾಗಿ ಮರೆಯಾದ ಗಡಿಯಾರ ರಿಪೇರಿಯವನು ಇವತ್ತು ಬೆಳಿಗ್ಗೆ ಬಣ್ಣದ ಕಾರ್ಖಾನೆಯ ತಗಡು ಸೀಳಿಕೊಂಡು ಕೆಳಗೆ ಬಿದ್ದಿದ್ದ.

"ಬಿದ್ದ ಪೆಟ್ಟಿಗೆ ಸತ್ತಿದ್ದಲ್ಲ," ಎಂದರು ಡಾಕ್ಟರು. "ಮೇಲೆಯೇ ಜೀವ ಹೋಗಿದೆ. ಚಳಿಗೆ. ಮೈ ತಣ್ಣಗಾಯಿತು, ಅವನ ಹತ್ತಿರ ಇದ್ದ ಕಲ್ಲೂ ಮಲಗಿತು, ಆಮೇಲೆ ಕೆಳಗೆ ಬಿದ್ದ."

"ಕಲ್ಲು ಎಲ್ಲಿ?"

"ಜೇಬಲ್ಲಿ ಇಲ್ಲ. ಬೂಟಲ್ಲಿ ಇಲ್ಲ."

ಇನ್ಸ್‌ಪೆಕ್ಟರಮ್ಮ ಕೋಟಿನ ಮೇಲೆ ಬೆರಳಾಡಿಸುತ್ತಾ ಹೋದಳು. ಎಡ ಎದೆಯ ಹತ್ತಿರ, ಲೈನಿಂಗಿನ ಒಳಗೆ ಏನೋ ಗಂಟು ಸಿಕ್ಕಿತು. ಕತ್ತರಿ ತೆಗೆದುಕೊಂಡು ಹೊಲಿಗೆಯ ಪಕ್ಕದಲ್ಲಿ ನಿಧಾನವಾಗಿ ಕತ್ತರಿಸಿದಳು. ಕಡಲೆಕಾಳಿನಷ್ಟು ಬೂದಿ ಬಣ್ಣದ ಚೂರೊಂದು ಅವಳ ಅಂಗೈಗೆ ಉರುಳಿತು.

ದಫೇದಾರ ಎರಡು ಹೆಜ್ಜೆ ಹಿಂದೆ ಸರಿದ.

"ಹೆದರ್ಬೇಡ, ಇದು ಮಲಗಿದೆ," ಎಂದಳು. ಚೂರನ್ನು ಇಕ್ಕಳದಲ್ಲಿ ಹಿಡಿದು ದೀಪದ ಕುಡಿಯ ಮೇಲೆ ಹಿಡಿದಳು. ಮೊದಲು ಏನೂ ಆಗಲಿಲ್ಲ. ತುಸು ಹೊತ್ತಿನಲ್ಲಿ ಇಕ್ಕಳದ ಮೂತಿ ತಾನಾಗಿಯೇ ಮೇಲಕ್ಕೆ ಎದ್ದಿತು. ಆಮೇಲೆ ಯಾರೋ ಕಿತ್ತುಕೊಂಡ ಹಾಗೆ ಚೂರು ಜಾರಿ, ಟಪ್ ಎಂದು ಚಾವಣಿಗೆ ಅಂಟಿಕೊಂಡಿತು.

ಮೂವರೂ ತಲೆಯೆತ್ತಿ ನೋಡುತ್ತಾ ನಿಂತರು.

ಈ ಊರಿನ ಬದುಕೆಲ್ಲ ನಿಂತಿದ್ದು ಆ ಕಲ್ಲಿನ ಮೇಲೆ. ಬೇರೆ ಕಲ್ಲು ಕೈ ಬಿಟ್ಟರೆ ಕೆಳಗೆ ಬೀಳುತ್ತದೆ, ಏರುಗಲ್ಲು ಮೇಲಕ್ಕೆ ಬೀಳುತ್ತದೆ. ಅದೂ ಕಾವು ತಾಗಿದರೆ ಮಾತ್ರ. ತಣ್ಣಗಿದ್ದಾಗ ದಾರಿಯಲ್ಲಿ ಬಿದ್ದ ಜಲ್ಲಿಗೂ ಅದಕ್ಕೂ ವ್ಯತ್ಯಾಸವಿಲ್ಲ. ಬಂಡಿಯ ಅಡಿಗೆ ಕಲ್ಲಿಟ್ಟು ಕೆಂಡ ತೋರಿಸಿದರೆ ಬಂಡಿ ತೇಲಿಕೊಂಡು ಬೆಟ್ಟ ಹತ್ತುತ್ತದೆ, ಕೆಂಡ ಮುಚ್ಚಿದರೆ ಇಳಿಯುತ್ತದೆ. ನದಿಯ ಮೇಲಿನ ಕಂಬವಿಲ್ಲದ ಸೇತುವೆ, ಆಸ್ಪತ್ರೆಯ ಲಿಫ್ಟು, ಬಂದರಿನಲ್ಲಿ ಹಡಗಿಗೆ ಸರಕು ಏರಿಸುವ ತೊಟ್ಟಿಲು, ಎಲ್ಲಕ್ಕೂ ಅದೇ ಕಲ್ಲು. ಗಣಿಯಿಂದ ಬಂದದ್ದನ್ನು ಕಾವುಮನೆಯಲ್ಲಿ ಹದವಾಗಿ ಬಿಸಿಮಾಡಿ, ಬಲ ನೋಡಿ, ತೊಗಲಿನ ಚೀಲದಲ್ಲಿ ಕಟ್ಟಿ, ಸೀಸದ ಪೆಟ್ಟಿಗೆಯಲ್ಲಿ ತುಂಬಿ ಬೀಗ ಹಾಕಿ ಕಳಿಸುತ್ತಾರೆ. ನಿನ್ನೆಯವರೆಗೆ ಅದು ಎತ್ತಿನಷ್ಟು ಸಾಧು ಎಂದೇ ಎಲ್ಲರೂ ತಿಳಿದಿದ್ದರು.

"ಇದು ಏಳೋಕೆ ಎಷ್ಟು ಹೊತ್ತು ಬೇಕು, ಡಾಕ್ಟ್ರೇ? ಬೆಂಕಿ ಇಲ್ಲದೆ, ಬರೀ ಮೈ ಬಿಸಿಗೆ?"

"ನಿಧಾನ. ಬೆಳಿಗ್ಗೆ ಕೋಟು ಹಾಕ್ಕೊಂಡ್ರೆ ಮಧ್ಯಾಹ್ನದ ಹೊತ್ತಿಗೆ. ಅವನಿಗೂ ಹಾಗೇ ಆಗಿದೆ."

ಅಂದರೆ ಕೊಂದವನು ಹತ್ತಿರದಲ್ಲಿ ಇರಬೇಕಾಗಿರಲಿಲ್ಲ. ಹೊಲಿದು ಸುಮ್ಮನಿದ್ದರೆ ಸಾಕು. ಉಳಿದ ಕೆಲಸವನ್ನು ಸಾಯುವವನ ಮೈಯೇ ಮಾಡುತ್ತದೆ.

ಇನ್ಸ್‌ಪೆಕ್ಟರಮ್ಮ ಕೋಟನ್ನು ಕಿಟಕಿಯ ಸಂದಿನ ಬೆಳಕಿಗೆ ಹಿಡಿದಳು. ಹೆಗಲು ಅಗಲ, ತೋಳು ಉದ್ದ. ಗಡಿಯಾರದವನನ್ನು ಊರೆಲ್ಲ 'ಕಡ್ಡಿ' ಎಂದೇ ಕರೆಯುತ್ತಿತ್ತು. ಇದರೊಳಗೆ ಅಂಥ ಇಬ್ಬರು ಹಿಡಿಸುತ್ತಿದ್ದರು.

"ಇದು ಇವನ ಕೋಟಲ್ಲ."

"ಅವನ ಹೆಂಡ್ತೀನೂ ಅದನ್ನೇ ಕೇಳಿದ್ಲು," ಎಂದರು ಡಾಕ್ಟರು. "ಗುರುತು ಹಿಡಿಯೋಕೆ ಕರೆಸಿದ್ವಲ್ಲ, ಅಳ್ಲಿಲ್ಲ, ಕೂಗ್ಲಿಲ್ಲ. ಸುಮ್ನೆ ನೋಡ್ತಾ ನಿಂತ್ಲು. ಆಮೇಲೆ, 'ಈ ಕೋಟು ಇವರ ಮೈಮೇಲೆ ಹೇಗೆ ಬಂತು' ಅಂದ್ಲು. ಅಷ್ಟೇ. ಹೊರಟುಹೋದ್ಲು."

ಇನ್ಸ್‌ಪೆಕ್ಟರಮ್ಮ ತೋಳಿನ ತುದಿಯನ್ನು ಉಗುರಿನಿಂದ ಕೆರೆದಳು. ಮುಂಗೈ ಬಟ್ಟೆಯ ಮೇಲೆ ಬೆಳ್ಳಗೆ ಹೊಳೆಯುವ ಹನಿಗಳು ಗಟ್ಟಿಯಾಗಿ ಅಂಟಿಕೊಂಡಿದ್ದವು. ಕರಗಿದ ಸೀಸ. ಸೀಸ ಕರಗಿಸುವ ಜಾಗ ಊರಿನಲ್ಲಿ ಇದ್ದದ್ದು ಒಂದೇ, ಕಾವುಮನೆ. ಅಲ್ಲಿನ ಮೇಸ್ತ್ರಿ ಗಡಿಯಾರದವನ ಹೆಂಡತಿಯ ಸ್ವಂತ ಅಣ್ಣ.

ಅಷ್ಟರಲ್ಲಿ ಚಾವಣಿಯಲ್ಲಿದ್ದ ಚೂರು ತಣ್ಣಗಾಗಿ ಟಕ್ಕೆಂದು ನೆಲಕ್ಕೆ ಬಿತ್ತು. ದಫೇದಾರ ಕಿಟಾರನೆ ಕಿರುಚಿದ.

---

ಪೇಟೆ ಬೀದಿ ಗುರುತೇ ಸಿಗದ ಹಾಗಾಗಿತ್ತು.

ಜನ ಬೀದಿಯ ನಡುವೆ ನಡೆಯುವುದನ್ನು ಬಿಟ್ಟು, ಗೋಡೆಗೆ ಬೆನ್ನು ಉಜ್ಜಿಕೊಂಡು ಅಂಗಡಿಗಳ ಸೂರಿನ ಕೆಳಗೇ ಸರಿಯುತ್ತಿದ್ದರು. ಒಬ್ಬ ಮುದುಕ ನಾಲ್ಕು ಜನರ ಎದುರಿಗೇ ಅಂಗಿ ಬಿಚ್ಚಿ ಕೊಡವುತ್ತಿದ್ದ. ಒಬ್ಬ ತಾಯಿ ಮಗಳ ಲಂಗದ ಅಂಚನ್ನು ಅಂಗುಲ ಅಂಗುಲವಾಗಿ ಹಿಚುಕಿ ನೋಡುತ್ತಿದ್ದಳು. ಹೊಲಿಗೆ ಅಂಗಡಿಗಳ ಬಾಗಿಲು ಮುಚ್ಚಿತ್ತು. ಮೀನಿನ ಬಲೆ ಮಾರುವವನ ಮುಂದೆ ಮಾತ್ರ ನೂಕುನುಗ್ಗಲು, ಮನೆಯವರು ಯಾರಾದರೂ ಮೇಲೆದ್ದರೆ ತಡೆಯಲಿ ಎಂದು ಅಂಗಳದ ಮೇಲೆ ಕಟ್ಟಿಕೊಳ್ಳಲು.

ಇನ್ಸ್‌ಪೆಕ್ಟರಮ್ಮ ಯಾರನ್ನೂ ಆಡಿಕೊಳ್ಳುವ ಹಾಗಿರಲಿಲ್ಲ. ಬೆಳಿಗ್ಗೆ ಅವಳೂ ಬಾಗಿಲು ಹಾಕಿಕೊಂಡು, ಮಂಚದ ಮೇಲೆ ಕೂತು ತನ್ನ ಯೂನಿಫಾರಮ್ಮಿನ ಪ್ರತಿ ಹೊಲಿಗೆಯನ್ನೂ ಹಿಚುಕಿ ನೋಡಿಯೇ ಹೊರಟವಳು.

"ನನಗೇನೂ ಭಯ ಇಲ್ಲ ಮೇಡಂ," ಎಂದ ದಫೇದಾರ, ಹೊಟ್ಟೆ ಸವರಿಕೊಳ್ಳುತ್ತಾ. "ನನ್ನ ಎತ್ತಬೇಕಾದರೆ ಗಾಡಿ ತುಂಬ ಕಲ್ಲು ಬೇಕು."

"ಮತ್ತೆ ಕಂಬ ಯಾಕೆ ಹಿಡ್ಕೊಂಡಿದ್ದೀಯ?"

ದಫೇದಾರ ಕಂಬ ಬಿಟ್ಟ. ಎರಡು ಹೆಜ್ಜೆ ಹೋಗಿ ಮುಂದಿನ ಕಂಬ ಹಿಡಿದುಕೊಂಡ.

---

ಮೇಸ್ತ್ರಿಯ ಮನೆಯ ಬಾಗಿಲು ತೆರೆದ ಕೂಡಲೇ ಮುಖಕ್ಕೆ ಚಳಿ ಹೊಡೆಯಿತು. ಹೊರಗೆ ಬಿಸಿಲು ಚುರುಗುಟ್ಟುತ್ತಿದ್ದರೂ ಒಳಗೆ ನೆಲಮಾಳಿಗೆಯ ತಂಪು. ಕಿಟಕಿಗಳಿಗೆಲ್ಲ ಒದ್ದೆ ಗೋಣಿಚೀಲ ನೇತುಹಾಕಿತ್ತು. ಅವುಗಳಿಂದ ನೀರು ತೊಟ್ಟಿಕ್ಕುತ್ತಿತ್ತು. ಒಲೆಯಲ್ಲಿ ಬೂದಿಯೂ ಇರಲಿಲ್ಲ.

ನಡುಮನೆಯ ತುಂಬಾ ಹರಿದ ಬಟ್ಟೆ. ಅಂಗಿ, ಕಂಬಳಿ, ದಿಂಬು, ಕರ್ಟನ್ನು, ಪ್ರತಿಯೊಂದರ ಹೊಲಿಗೆಯನ್ನೂ ಬಿಚ್ಚಿ ಎಸೆದಿದ್ದರು. ಆ ರಾಶಿಯ ನಡುವೆ ಮೇಸ್ತ್ರಿ ಬನಿಯನ್ನಿನಲ್ಲಿ ಕುರ್ಚಿಯ ಮೇಲೆ ಕೂತಿದ್ದ. ಕಾಲಿಗೆ ಕಾವುಮನೆಯ ಸೀಸದ ಬೂಟು. ಸೊಂಟದಿಂದ ಒಂದು ಹಗ್ಗ ಹೋಗಿ ಕಿಟಕಿಯ ಸರಳಿಗೆ ಬಿಗಿದಿತ್ತು. ಆಳು ಎತ್ತರ, ದಪ್ಪ. ಹಲ್ಲು ಮಾತ್ರ ಕಟಕಟ ಅನ್ನುತ್ತಿತ್ತು.

ಮೂಲೆಯಲ್ಲಿ ಅವನ ಹೆಂಡತಿ ಕೂಸನ್ನು ಎದೆಗೆ ಅವಚಿಕೊಂಡು ನಿಂತಿದ್ದಳು. ಕೂಸು ಕೆಮ್ಮುತ್ತಿತ್ತು. ಅದರ ತುಟಿ ನೀಲಿಯಾಗಿತ್ತು.

"ಏನ್ರೀ ಇದು?" ಇನ್ಸ್‌ಪೆಕ್ಟರಮ್ಮ ಮಗುವಿನ ಕಾಲು ಮುಟ್ಟಿ ನೋಡಿದಳು. ಮಂಜಿನ ಗಡ್ಡೆ. "ಈ ಚಳಿಯಲ್ಲಿ ಮಗು ಇಟ್ಕೊಂಡಿದ್ದೀರಲ್ಲ!"

"ನಾನು ಹೇಳಿ ಹೇಳಿ ಸಾಕಾಯ್ತು ಮೇಡಂ," ಎಂದಳು ಹೆಂಡತಿ, ಕೂಸಿನ ಕಾಲು ಉಜ್ಜುತ್ತಾ. "ನಿನ್ನೆಯಿಂದ ಒಲೆ ಹಚ್ಚೋಕೆ ಬಿಟ್ಟಿಲ್ಲ. ಬಿಸಿನೀರು ಕೂಡ ಇಲ್ಲ. ಪುಟ್ಟನಿಗೆ ನಿನ್ನೆ ರಾತ್ರಿಯಿಂದ ಕೆಮ್ಮು."

"ಬೆಂಕಿ ಬೇಡ!" ಮೇಸ್ತ್ರಿ ಕೂತಲ್ಲಿಂದಲೇ ಕೂಗಿದ. "ಈ ಮನೆಯಲ್ಲಿ ಎಲ್ಲೆಲ್ಲಿ ಇಟ್ಟಿದ್ದಾರೋ ಯಾರಿಗೆ ಗೊತ್ತು? ತಣ್ಣಗಿದ್ರೆ ಏಳಲ್ಲ ಅದು. ತಣ್ಣಗಿರ್ಲಿ."

ಇನ್ಸ್‌ಪೆಕ್ಟರಮ್ಮ ಅವನ ಮಾತಿಗೆ ಕಿವಿಗೊಡಲಿಲ್ಲ. ಮಗುವಿನ ಅಂಗಿ, ಟೋಪಿ, ಸುತ್ತಿದ್ದ ಬಟ್ಟೆ ಎಲ್ಲವನ್ನೂ ತಾನೇ ಬೆರಳಿನಿಂದ ಒತ್ತಿ ಒತ್ತಿ ನೋಡಿದಳು. ಹೆಂಡತಿಯ ಬಟ್ಟೆಯ ಅಂಚುಗಳನ್ನೂ ಬಿಡಲಿಲ್ಲ. ಎಲ್ಲಿಯೂ ಗಂಟಿಲ್ಲ, ಗಡಸಿಲ್ಲ.

"ಏನೂ ಇಲ್ಲ. ತಾರಸಿಗೆ ಕರ್ಕೊಂಡು ಹೋಗಮ್ಮ. ಒಳ್ಳೆ ಬಿಸಿಲಿದೆ. ಮಗು ಮೈ ಬಿಸಿಯಾಗ್ಲಿ, ನೀನೂ ಕೂತ್ಕೊ."

"ಬೇಡ ಕಣೇ..." ಎಂದ ಮೇಸ್ತ್ರಿ.

"ಅಷ್ಟು ಅನುಮಾನ ಇದ್ರೆ ಅದರ ಬಟ್ಟೆ ಬಿಚ್ಚಿ ಬರಿಮೈಯಲ್ಲಿ ಬಿಸಿಲಿಗೆ ಹಿಡಿ. ಇಲ್ಲೇ ಇದ್ರೆ ಸಂಜೆಯೊಳಗೆ ನ್ಯುಮೋನಿಯಾ ಗ್ಯಾರಂಟಿ."

ಹೆಂಡತಿ ಗಂಡನ ಮುಖ ನೋಡಲಿಲ್ಲ. ದಡದಡನೆ ಮೆಟ್ಟಿಲು ಹತ್ತಿದಳು. ಮೇಲೆ ತಾರಸಿಯ ಬಾಗಿಲು ತೆರೆದ ಸದ್ದಾಯಿತು.

ದಫೇದಾರನನ್ನು ಬಾಗಿಲ ಹೊರಗೆ ನಿಲ್ಲಿಸಿ, ಇನ್ಸ್‌ಪೆಕ್ಟರಮ್ಮ ಒಂದು ಸ್ಟೂಲು ಎಳೆದುಕೊಂಡು ಮೇಸ್ತ್ರಿಯ ಎದುರಿಗೆ ಕೂತಳು. ಕಂಕುಳಲ್ಲಿದ್ದ ಗಂಟು ಬಿಚ್ಚಿ ಕೋಟನ್ನು ಅವನ ತೊಡೆಯ ಮೇಲೆ ಹಾಕಿದಳು.

ಹಾವು ಬಿದ್ದ ಹಾಗೆ ಅವನು ಅದನ್ನು ಕೊಡವಿದ.

"ಯಾರದು ಇದು?"

"ನಂದು."

"ಕಡ್ಡಿಯ ಮೈಮೇಲೆ ಹೇಗೆ ಹೋಯ್ತು?"

"ನಾನೇ ಹಾಕಿದೆ." ಅವನ ಧ್ವನಿ ಕುಸಿಯಿತು. "ನಿನ್ನೆ ಬೆಳಿಗ್ಗೆ ನಮ್ಮ ಮನೆ ಗಡಿಯಾರ ಸರಿಮಾಡೋಕೆ ಬಂದಿದ್ದ. ಮಂಜು ಬೀಳ್ತಿತ್ತು, ತೆಳು ಅಂಗಿಯಲ್ಲಿ ನಡುಗ್ತಾ ಇದ್ದ. ಹಾಕ್ಕೊಂಡು ಹೋಗೋ, ಸಂಜೆ ಕೊಟ್ರಾಯ್ತು ಅಂದೆ. ಬೇಡ ಭಾವ ಬೇಡ ಭಾವ ಅಂತಾನೇ ಇದ್ದ. ನಾನೇ ಬಲವಂತ ಮಾಡಿ ಗುಂಡಿ ಹಾಕಿದೆ. ಈ ಕೈಯಿಂದಲೇ."

"ಕಾವುಮನೆ ಕೀಲಿ ಯಾರ ಹತ್ತಿರ ಇರುತ್ತೆ?"

"ನನ್ನ ಹತ್ರ."

"ಕೋಟು ನಿಂದು. ಕಲ್ಲಿನ ಕೀಲಿ ನಿನ್ನ ಹತ್ತಿರ. ಗುಂಡಿ ಹಾಕಿದ್ದೂ ನೀನೇ. ಇನ್ನೇನು ಕೇಳ್ಬೇಕು ನಾನು?"

"ನನ್ನ ತಂಗಿ ಗಂಡ ಅವನು!" ಮೇಸ್ತ್ರಿ ಎದ್ದುನಿಂತ. ಹಗ್ಗ ಬಿಗಿಯಾಗಿ ಅವನನ್ನು ಮತ್ತೆ ಕುರ್ಚಿಗೆ ಎಳೆಯಿತು. "ಅವನನ್ನ ಕೊಂದು ನನಗೇನಾಗ್ಬೇಕು? ಅದು ನನಗೆ ಅಂತ ಇಟ್ಟಿದ್ದು ಮೇಡಂ, ನನಗೆ! ಅಷ್ಟೂ ಅರ್ಥ ಆಗಲ್ವಾ? ನಾನು ಹಾಕ್ಕೋಬೇಕಾಗಿದ್ದ ಕೋಟು!"

ಅವನ ಕಣ್ಣಿನಲ್ಲಿದ್ದ ಭಯ ನಾಟಕದ್ದಲ್ಲ. ಇನ್ಸ್‌ಪೆಕ್ಟರಮ್ಮನಿಗೆ ಅದು ಬಾಗಿಲು ತೆರೆದಾಗಲೇ ಗೊತ್ತಾಗಿತ್ತು. ಆದರೆ ಅವನ ಬಾಯಿಂದ ಬರಬೇಕಾಗಿದ್ದದ್ದು ಇನ್ನೂ ಬಂದಿರಲಿಲ್ಲ.

"ಸರಿ. ನಿನ್ನನ್ನ ಕೊಲ್ಲೋಕೆ ಯಾರು ಇಟ್ರು?"

"ಗೊತ್ತಿಲ್ಲ."

"ಗೊತ್ತಿದೆ. ಅದಕ್ಕೇ ಪೊಲೀಸ್ ಸ್ಟೇಷನ್‌ಗೆ ಬರದೆ ಇಲ್ಲಿ ಹಗ್ಗ ಕಟ್ಕೊಂಡು ಕೂತಿದ್ದೀಯ."

ಅವನು ಸೊಂಟದ ಹಗ್ಗದ ಗಂಟನ್ನು ಎಳೆದು ಬಿಗಿಮಾಡಿದ. ಗೋಣಿಚೀಲದ ನೀರು ತೊಟ್ ತೊಟ್ ಎಂದು ಬೀಳುತ್ತಿತ್ತು.

ಇನ್ಸ್‌ಪೆಕ್ಟರಮ್ಮ ಕೋಟನ್ನು ನೆಲದಿಂದ ಎತ್ತಿ ಲೈನಿಂಗನ್ನು ಹೊರಗೆ ಮಗುಚಿದಳು. "ಈ ಹೊಲಿಗೆ ನೋಡು. ಉಳಿದ ಕೋಟೆಲ್ಲ ತೆಳು ನೂಲು. ಇದೊಂದು ಜಾಗದಲ್ಲಿ ಮಾತ್ರ ದಪ್ಪ ದಾರ, ಮೇಣ ಹಚ್ಚಿದ್ದು. ಬಟ್ಟೆ ಹೊಲಿಯೋರು ಇಂಥ ದಾರ ಇಟ್ಕೊಳ್ಳಲ್ಲ. ತೊಗಲು ಹೊಲಿಯೋರು ಇಟ್ಕೊಳ್ತಾರೆ. ಕಾವುಮನೆಯಲ್ಲಿ ಕಲ್ಲು ತುಂಬೋ ತೊಗಲಿನ ಚೀಲ ಯಾರು ಹೊಲೀತಾರೆ ಮೇಸ್ತ್ರಿ?"

ಅವನು ಎರಡೂ ಕೈಗಳಿಂದ ಮುಖ ಮುಚ್ಚಿಕೊಂಡ.

"ಯಾರು?"

"ನನ್ನ ತಂಗಿ," ಎಂದ, ಬೆರಳುಗಳ ಹಿಂದಿನಿಂದ. "ಮೊನ್ನೆ ಅವಳೇ ಬಂದು ಕೇಳಿದ್ಲು. ಅಣ್ಣಾ, ನಿನ್ನ ಕೋಟಿನ ಲೈನಿಂಗ್ ಹರಿದಿದೆ, ಕೊಡು ಹೊಲಿದು ಕೊಡ್ತೀನಿ ಅಂತ. ಹೊಲಿದು ತಂದು ಅವಳೇ ಮೊಳೆಗೆ ನೇತುಹಾಕಿ ಹೋದ್ಲು."

ಇನ್ಸ್‌ಪೆಕ್ಟರಮ್ಮನ ಕಿವಿಯಲ್ಲಿ ಡಾಕ್ಟರು ಹೇಳಿದ ಮಾತು ಮತ್ತೆ ಕೇಳಿಸಿತು. ಈ ಕೋಟು ಇವರ ಮೈಮೇಲೆ ಹೇಗೆ ಬಂತು? ಗಂಡನನ್ನು ಕಳೆದುಕೊಂಡವಳ ಗೊಂದಲ ಎಂದುಕೊಂಡಿದ್ದಳು. ಗೊಂದಲವೇ ಅಲ್ಲ ಅದು. ಆ ಹೆಂಗಸು ಹೆಣದ ಮುಂದೆ ನಿಂತು ತನ್ನದೇ ಹೊಲಿಗೆಯನ್ನು ನೋಡುತ್ತಿದ್ದಳು.

"ದಫೇದಾರ್!"

ದಫೇದಾರನ ತಲೆ ಬಾಗಿಲಲ್ಲಿ ಕಾಣಿಸಿತು.

"ಗಡಿಯಾರದವನ ಹೆಂಡ್ತಿ ಎಲ್ಲಿದ್ದರೂ ಹಿಡ್ಕೊಂಡು ಬಾ. ಮನೆ, ಕಾವುಮನೆ, ಎಲ್ಲ ಕಡೆ ನೋಡು. ಓಡು!"

ಅವನ ಬೂಟಿನ ಸದ್ದು ಬೀದಿಯಲ್ಲಿ ದೂರವಾಯಿತು.

"ಈಗ ಹೇಳು. ಒಡಹುಟ್ಟಿದ ತಂಗಿ ನಿನ್ನನ್ನ ಯಾಕೆ ಕೊಲ್ಬೇಕು?"

ಮೇಸ್ತ್ರಿ ಹರಿದ ದಿಂಬೊಂದನ್ನು ಕಾಲಿನಿಂದ ಪಕ್ಕಕ್ಕೆ ಸರಿಸಿದ. ಹೇಳತೊಡಗಿದಾಗ ಮಾತು ತಡವರಿಸಿತು.

"ನಾವು ಮೂರು ಜನ. ನಾನು, ಅವಳು, ಚಿಕ್ಕವನು. ಅಮ್ಮ ಹೋದಾಗ ಚಿಕ್ಕವನಿಗೆ ಹಾಲು ಹಲ್ಲೂ ಬಿದ್ದಿರಲಿಲ್ಲ. ಅವಳೇ ಸಾಕಿದ್ದು. ಅವನು ದೊಡ್ಡವನಾದ ಮೇಲೆ ನಾನು ಕಾವುಮನೆಗೆ ಸೇರಿಸ್ಕೊಂಡೆ. ಹೋದ ವರ್ಷ ಒಂದು ದಿನ ಒಳಕೋಣೆಯಲ್ಲಿ ಕಾವು ಮೀರಿಬಿಡ್ತು. ಕಲ್ಲೆಲ್ಲ ಒಟ್ಟಿಗೇ ಎದ್ವು. ಮಾಡು ಕಿರುಗುಟ್ತಾ ಇತ್ತು. ಕಬ್ಬಿಣದ ಬಾಗಿಲು ಹಾಕ್ಲಿಲ್ಲ ಅಂದ್ರೆ ಬೆಂಕಿ ಹೊರಗೆ ಬಂದು ಉಳಿದ ಕಲ್ಲೂ ಎದ್ದು ಇಡೀ ಕಟ್ಟಡಾನೇ ಎತ್ಕೊಂಡು ಹೋಗ್ತಿತ್ತು. ಕೆಲಸದವರೆಲ್ಲ ಇದ್ರು ಮೇಡಂ, ಅಷ್ಟೂ ಜನ. ನಾನು ಬಾಗಿಲು ಹಾಕ್ದೆ."

"ಚಿಕ್ಕವನು?"

"ಒಳಗಿದ್ದ."

ಇನ್ಸ್‌ಪೆಕ್ಟರಮ್ಮ ಕೋಟನ್ನು ಮಡಿಸಿ ಪಕ್ಕಕ್ಕಿಟ್ಟಳು.

"ನನಗೆ ಗೊತ್ತಿತ್ತು ಒಳಗಿದ್ದಾನೆ ಅಂತ. ಬಾಗಿಲು ಬಡೀತಿದ್ದ. ಅವಳು ಹೊರಗಡೆ ಚೀಲ ಹೊಲೀತಾ ಕೂತಿದ್ಲು. ಅವಳಿಗೂ ಕೇಳಿಸ್ತು." ಅವನು ಮೂಗು ಒರೆಸಿಕೊಂಡ. "ಆಮೇಲೆ ಒಂದು ಮಾತು ಅನ್ಲಿಲ್ಲ ನನಗೆ. ಬೈಲಿಲ್ಲ, ಅಳ್ಲಿಲ್ಲ. ಮೊದಲಿನ ಹಾಗೇ ಮನೆಗೆ ಬರೋಳು, ಪುಟ್ಟನ್ನ ಎತ್ತಿ ಆಡ್ಸೋಳು, ನನ್ನ ಬಟ್ಟೆ ಹೊಲಿದು ಕೊಡೋಳು. ಕ್ಷಮಿಸಿದ್ದಾಳೆ ಅಂದ್ಕೊಂಡಿದ್ದೆ. ನಿನ್ನೆ ಕಡ್ಡಿ ಮೇಲಕ್ಕೆ ಹೋಗೋದನ್ನ ನೋಡ್ದೆನಲ್ಲ, ನನ್ನ ಕೋಟು ಗಾಳಿಗೆ ಅರಳಿಕೊಂಡು... ಆವಾಗ ಗೊತ್ತಾಯ್ತು. ಆದ್ರೂ ನನ್ನ ಬಾಯಿಂದ ಅವಳ ಹೆಸರು ಹೇಳೋಕೆ ಆಗ್ಲಿಲ್ಲ. ಒಂದು ಸಲ ಅವಳ ಮನೆ ಹಾಳು ಮಾಡಿದ್ದೀನಿ. ಇನ್ನೊಂದು ಸಲ ಹೇಗೆ ಮಾಡ್ಲಿ?"

ಮೇಲಿನಿಂದ ಮಗುವಿನ ನಗು ಸಣ್ಣಗೆ ಕೇಳಿಸಿತು. ಬಿಸಿಲಿಗೆ ಮೈ ಹಗುರಾಗಿರಬೇಕು. ಇನ್ಸ್‌ಪೆಕ್ಟರಮ್ಮನಿಗೆ ಕೊಂಚ ಸಮಾಧಾನವಾಯಿತು.

"ಅವಳು ಕೊನೆಯದಾಗಿ ಇಲ್ಲಿಗೆ ಬಂದದ್ದು ಯಾವಾಗ? ಕೋಟು ಕೊಟ್ಟಾಗಲೇ?"

"ಇಲ್ಲ. ಇವತ್ತು ಬೆಳಿಗ್ಗೆ."

"ಇವತ್ತಾ?"

"ಆಸ್ಪತ್ರೆಯಿಂದ ನೇರ ಬಂದ್ಲು. ನಾನು ಹೆದರಿ ಒಳಕೋಣೆ ಬಾಗಿಲು ಹಾಕ್ಕೊಂಡೆ. ಅವಳು ನನ್ನನ್ನ ಕೇಳ್ಲೂ ಇಲ್ಲ. ಇವಳ ಜೊತೆ ಅಡುಗೆಮನೆಯಲ್ಲಿ ಸ್ವಲ್ಪ ಹೊತ್ತು ಮಾತಾಡಿ ಹೋದ್ಲು."

"ಬಟ್ಟೆಬರೆ ಏನಾದ್ರೂ ತಂದಿದ್ಲಾ? ಟೋಪಿ, ಸ್ವೆಟರು, ಮಗುಗೆ?"

"ಬಟ್ಟೆ ತಂದಿದ್ರೆ ನಾನು ಬಿಡ್ತಿದ್ನಾ? ಏನೂ ಇಲ್ಲ. ಪುಟ್ಟನಿಗೆ ಕೆಮ್ಮು ಅಂತ ಒಂದು ಲೋಟದಲ್ಲಿ ಜೇನು ಅಷ್ಟೇ. ಅಷ್ಟು ದುಃಖದಲ್ಲೂ ಮಗು ನೆನಪಾಯ್ತು ನೋಡಿ ಅಂತ ಇವಳು ಅತ್ತೇಬಿಟ್ಲು."

ಇನ್ಸ್‌ಪೆಕ್ಟರಮ್ಮ ಎದ್ದ ರಭಸಕ್ಕೆ ಸ್ಟೂಲು ಉರುಳಿತು.

ಅಡುಗೆಮನೆಯ ಕಟ್ಟೆಯ ಮೇಲೆ ಆ ಲೋಟ ಇನ್ನೂ ಇತ್ತು. ಖಾಲಿ. ಬೆರಳು ಹಾಕಿ ತಳವನ್ನು ಸವರಿದಳು. ಅಂಟು. ಅಂಟಿನೊಳಗೆ ಮರಳಿನಂತೆ ಏನೋ ಕರಕರ. ಬೆರಳನ್ನು ಬೆಳಕಿಗೆ ಹಿಡಿದಳು. ಬೂದಿ ಬಣ್ಣ.

ಹೊಲಿಗೆಗಳನ್ನೆಲ್ಲ ಹಿಚುಕಿ ನೋಡಿದ್ದಳು. ಹೊಟ್ಟೆಯನ್ನು ಹಿಚುಕಿ ನೋಡಲು ಯಾರಿಗೆ ತೋಚುತ್ತದೆ?

"ಮೇಸ್ತ್ರಿ! ಮೇಲೆ ಬಾ! ಮಗೂ!"

ಅವಳು ಮೆಟ್ಟಿಲನ್ನು ಎರಡೆರಡಾಗಿ ಹಾರುತ್ತಾ ಹತ್ತಿದಳು. ಹಿಂದೆ ಹಗ್ಗ ಕತ್ತರಿಸಿದ ಸದ್ದು, ಬೂಟು ಕಳಚಿ ಎಸೆದ ಸದ್ದು, ಅವನ ಬರಿಗಾಲಿನ ಓಟ. ಬೆಳಗಿನಿಂದ ಎಷ್ಟು ಹೊತ್ತಾಗಿದೆ ಎಂದು ಲೆಕ್ಕ ಹಾಕಲು ಅವಳ ತಲೆ ಒಪ್ಪಲಿಲ್ಲ. ಬಿಸಿಲಿಗೆ ಹಿಡಿ ಎಂದವಳು ತಾನೇ. ಬಟ್ಟೆ ಬಿಚ್ಚು ಎಂದವಳೂ ತಾನೇ.

ತಾರಸಿಗೆ ಬಂದ ಕೂಡಲೇ ಬಿಸಿಲಿಗೆ ಕಣ್ಣು ಕತ್ತಲಿಟ್ಟಿತು.

ಮೋಟುಗೋಡೆಯ ಹತ್ತಿರ ಮೇಸ್ತ್ರಿಯ ಹೆಂಡತಿ ಈ ಕಡೆಗೆ ಬೆನ್ನು ಮಾಡಿ ನಿಂತಿದ್ದಳು. ಮಗುವಿನ ಮೈಮೇಲೆ ನೂಲಿನ ಎಳೆಯೂ ಇರಲಿಲ್ಲ. ತಾಯಿಯ ಹೆಗಲ ಮೇಲಿನಿಂದ ಇನ್ಸ್‌ಪೆಕ್ಟರಮ್ಮನನ್ನು ನೋಡಿ ಅದು ಕೇಕೆ ಹಾಕಿತು. ಎಲ್ಲವೂ ಸರಿಯಾಗಿಯೇ ಇದೆ ಎಂದು ಅರೆಗಳಿಗೆ ಅನಿಸಿತು.

ಆಮೇಲೆ ಅವಳ ದೃಷ್ಟಿ ಆ ತಾಯಿಯ ಕಾಲಿನ ಕಡೆಗೆ ಹೋಯಿತು. ಹಿಮ್ಮಡಿ ನೆಲಕ್ಕೆ ತಾಗಿರಲಿಲ್ಲ. ಹೆಬ್ಬೆರಳ ತುದಿ ಮಾತ್ರ ಗಾರೆಯನ್ನು ಗೀಚುತ್ತಿತ್ತು.

"ಅಲ್ಲಾಡ್ಬೇಡ!" ಇನ್ಸ್‌ಪೆಕ್ಟರಮ್ಮ ಹಾರಿ ಅವಳ ಸೊಂಟವನ್ನು ಎರಡೂ ತೋಳಿನಿಂದ ಬಿಗಿದಪ್ಪಿಕೊಂಡಳು. "ಹಿಡ್ಕೊಂಡಿದ್ದೀನಿ. ಹೆದರ್ಬೇಡ."

"ಮೇಡಂ," ಆ ಹೆಂಗಸಿನ ಬಾಯಿಂದ ಧ್ವನಿಯೇ ಹೊರಡುತ್ತಿರಲಿಲ್ಲ. "ಕೂಗೋಕೆ ಹೋದ್ರೆ ಇನ್ನೂ ಮೇಲೆ ಹೋಗ್ತೀನೇನೋ ಅಂತ ಉಸಿರು ಹಿಡ್ಕೊಂಡು ನಿಂತಿದ್ದೆ. ಏನಾಗ್ತಾ ಇದೆ ಮೇಡಂ?"

"ಮಗು ಹೊಟ್ಟೆಯಲ್ಲಿ ಕಲ್ಲಿನ ಪುಡಿ ಇದೆ. ಅದೇ ನಿನ್ನನ್ನ ಎಳೀತಾ ಇದೆ. ಜೇನಲ್ಲಿ ಕೊಟ್ಟಿದ್ದಾಳೆ. ಮೇಸ್ತ್ರಿ, ಬಾ ಬೇಗ, ಮಗೂನ ತಗೋ! ಗಟ್ಟಿಯಾಗಿ ಹಿಡ್ಕೊ, ಕೈ ಜಾರಿದ್ರೆ ಮುಗೀತು. ಒಳಗೆ ಓಡು, ಚಾವಣಿ ಕೆಳಗೆ!"

ಮೇಸ್ತ್ರಿ ಎರಡೂ ಕೈ ಚಾಚಿದ. ಹೆಂಡತಿ ಮಗುವನ್ನು ಕೊಡಲು ಹೋದವಳು ಥಟ್ಟನೆ ತಡೆದುಕೊಂಡಳು. ಅವಳ ಮುಖ ಬಿಳಿಚಿಕೊಂಡಿತು.

"ಜೇನಾ?" ಎಂದಳು.

"ಕೊಡು ಕಣೇ!" ಮೇಸ್ತ್ರಿ ಮಗುವನ್ನು ಕಿತ್ತುಕೊಂಡ. ಮೇಲಕ್ಕೆ ಹಾರುವ ಕೂಸನ್ನು ಅದುಮಿ ಹಿಡಿಯಲು ಮೈಯೆಲ್ಲ ಬಿಗಿ ಮಾಡಿಕೊಂಡಿದ್ದವನು, ಮಗು ಕೈಗೆ ಬಿದ್ದ ಕೂಡಲೇ ಮುಗ್ಗರಿಸಿದ. ಮಗು ಭಾರವಾಗಿತ್ತು. ಎಂದಿನ ಹಾಗೆ, ಹೊಟ್ಟೆತುಂಬ ಹಾಲು ಕುಡಿದ ಮಗುವಿನ ಹಾಗೆ ಭಾರ.

"ಪುಟ್ಟ ಒಂದು ಹನಿಯೂ ನೆಕ್ಕಲಿಲ್ಲ ರೀ," ಎಂದಳು ಹೆಂಡತಿ. "ಮುಖ ತಿರುಗಿಸಿಬಿಟ್ಟ. ದಂಡ ಆಗುತ್ತಲ್ಲ ಅಂತ ನಾನೇ..."

ಮಾತು ಮುಗಿಯಲಿಲ್ಲ.

ಅಷ್ಟು ಹೊತ್ತು ಅವಳನ್ನು ನೆಲಕ್ಕೆ ಹಿಡಿದಿದ್ದದ್ದೇ ಆ ಮಗುವಿನ ಭಾರ. ಅದು ಹೋದ ಕ್ಷಣ ಅವಳ ಮೈ ಇನ್ಸ್‌ಪೆಕ್ಟರಮ್ಮನ ತೋಳುಗಳ ನಡುವಿನಿಂದ ಸರ್ರನೆ ಮೇಲಕ್ಕೆ ಜಾರಿತು. ಸೊಂಟ ಹೋಯಿತು, ತೊಡೆ ಹೋಯಿತು, ಮೊಣಕಾಲು ಹೋಯಿತು. ಕೊನೆಗೆ ಒಂದು ಕಾಲಿನ ಹರಡು ಮಾತ್ರ ಇನ್ಸ್‌ಪೆಕ್ಟರಮ್ಮನ ಎರಡೂ ಕೈಗೆ ಸಿಕ್ಕಿತು.

"ಮೇಸ್ತ್ರಿ! ನನ್ನ ಹಿಡಿ!"

ಮೇಸ್ತ್ರಿಯ ಎರಡೂ ಕೈಯಲ್ಲಿ ಮಗುವಿತ್ತು. ಅವನು ಅದನ್ನು ಎಲ್ಲಿಡುವುದು ಎಂದು ಹುಚ್ಚನಂತೆ ಸುತ್ತ ನೋಡಿದ. ಬಿಸಿಲಿಗೆ ಕಾದ ಗಾರೆ, ಗಿಡ್ಡ ಮೋಟುಗೋಡೆ, ಅದರಾಚೆ ಬೀದಿ.

ಬೀದಿಯಲ್ಲಿ ಯಾರೋ ಕಿರುಚಿದರು. ಗೋಡೆಗೆ ಅಂಟಿಕೊಂಡಿದ್ದ ಜನರೆಲ್ಲ ತಲೆಯೆತ್ತಿದರು.

"ಬಿಟ್ಬಿಡಿ ಮೇಡಂ," ಮೇಲಿನಿಂದ ಧ್ವನಿ ಬಂತು. ಅವಳ ಕೂದಲು ಬಿಚ್ಚಿಕೊಂಡು ಗಾಳಿಗೆ ಹಾರುತ್ತಿತ್ತು. "ನಿಮ್ಮನ್ನೂ ಎತ್ಕೊಂಡು ಹೋಗ್ತೀನಿ ನಾನು. ಬಿಟ್ಬಿಡಿ!"

ಇನ್ಸ್‌ಪೆಕ್ಟರಮ್ಮ ಬಿಡಲಿಲ್ಲ. ಬೆವರಿಗೆ ಬೆರಳು ಜಾರುತ್ತಿತ್ತು. ಅವಳ ಬೂಟಿನ ತುದಿ ಮಾತ್ರ ಇನ್ನೂ ನೆಲಕ್ಕೆ ತಾಗಿತ್ತು, ಮತ್ತು ಬಿಸಿಲು ಏರುತ್ತಲೇ ಇತ್ತು.